ತವರಿಗೆ ಬಂದವಳನ್ನು ವಾಪಸ್ ಕಳಿಸಿದ ಕಥೆಗಳು: ‘ಕೆರೆಗೆ ಹಾರ’ದಿಂದ ‘ಎದೆಯ ಹಣತೆ’ಯವರೆಗೆ

(ಇದು ಸಂಚಿಕೆಯ ಬರಹ ರೂಪ. ಮನೆಯೊಳಗಿನ ಹಿಂಸೆ ಮತ್ತು ಆತ್ಮಹತ್ಯೆಯ ಪ್ರಸ್ತಾಪ ಇದೆ. ಬೇಡ ಅನಿಸಿದರೆ ಅರ್ಧಕ್ಕೇ ನಿಲ್ಲಿಸಿ, ತೊಂದರೆ ಇಲ್ಲ.)

ಹಾನಗಲ್ಲು, ಶಿಗ್ಗಾವಿ, ಸವಣೂರು, ಹಿರೇಕೆರೂರು. ಹಾವೇರಿ ಜಿಲ್ಲೆಯ ಈ ಕಡೆ ಬಸ್ಸಲ್ಲಿ ಓಡಾಡಿದವರಿಗೆ ಒಂದು ವಿಷಯ ಗೊತ್ತಿರ್ತದೆ. ಕಿಟಕಿ ಪಕ್ಕ ಕೂತರೆ ಸ್ವಲ್ಪ ಹೊತ್ತಿಗೊಂದು ಕೆರೆ ಬರ್ತದೆ. ಹಿರೇಕೆರೂರು ಸೀಮೆಯಲ್ಲಿ ಕುಮುದ್ವತಿ ನದಿಗೆ ಗುಡ್ಡಗಳ ನಡುವೆ ಕಟ್ಟಿದ ಮದಗ ಮಾಸೂರು ಕೆರೆ ಅಂತೂ ದೊಡ್ಡ ಹೆಸರು. ‘ಮದಗದ ಕೆರೆ’ ಅಂತ ಜನಪದ ಹಾಡಲ್ಲಿ ಬರೋದು ನಮ್ಮ ಕೆರೆನೇ ಅಂತ ಇಲ್ಲಿಯವರು ಹೇಳ್ತಾರೆ, ಅಲ್ಲ ನಮ್ಮದು ಅಂತ ಕಡೂರಿನವರು. ಆ ಜಗಳ ಇವತ್ತು ಬೇಡ. ಕೆರೆಗಳ ಬಗ್ಗೆ ಉತ್ತರ ಕರ್ನಾಟಕದಲ್ಲಿ ಹಾಡ್ತಾ ಬಂದ ಇನ್ನೊಂದು ಕಥೆ ನಮಗೆ ಬೇಕು: ‘ಕೆರೆಗೆ ಹಾರ’.

ನಿಮ್ಮಲ್ಲಿ ತುಂಬ ಜನ ಇದನ್ನ ಕೇಳಿರ್ತೀರಿ. ಕಲ್ಲನಕೇರಿ ಅನ್ನೋ ಊರು. ಮಲ್ಲನಗೌಡ ಕೆರೆ ಕಟ್ಟಿಸ್ತಾನೆ, ನೀರು ಬರೋದಿಲ್ಲ. ಹೊತ್ತಿಗೆ ತೆಗೆಸಿ ಕೇಳಿದರೆ, ಸೊಸೆಯನ್ನ ಕೆರೆಗೆ ಕೊಡಬೇಕು ಅಂತ ಬರ್ತದೆ. ಹಿರೇ ಸೊಸೆಯನ್ನ ಕೊಟ್ಟರೆ ಮನೆಯ ಹಿರಿತನ ನೋಡೋರು ಯಾರು? ಹಾಗಾಗಿ ಕಿರಿಯಳು, ಭಾಗೀರಥಿ. ಗಂಡ ಮಾದೇವರಾಯ ದಂಡಿನಲ್ಲಿ ಇದ್ದಾನೆ, ಊರಲ್ಲಿಲ್ಲ. ಪೂಜೆ ಮುಗಿಸಿ ಎಲ್ಲರೂ ಹೊರಡ್ತಾರೆ, ಬಂಗಾರದ ಬಟ್ಟಲು ಮಾತ್ರ ಕೆರೆಯಲ್ಲೇ ಉಳಿದಿದೆ. ಅದನ್ನ ತರೋಕೆ ಹೋಗೋದು ಭಾಗೀರಥಿ. ಒಂದೊಂದು ಮೆಟ್ಟಿಲು ಹತ್ತಿದ ಹಾಗೆ ನೀರೂ ಏರ್ತದೆ. ಪಾದ, ಮೊಣಕಾಲು, ನಡು. ಅಲ್ಲಿಗೆ ಅವಳು ‘ಹಾರ’ ಆದಳು.

ಸಾಮಾನ್ಯವಾಗಿ ಈ ಕಥೆಯನ್ನ ತ್ಯಾಗದ ಕಥೆ ಅಂತ ಪಾಠ ಮಾಡ್ತಾರೆ. ಊರಿಗೋಸ್ಕರ ಜೀವ ಕೊಟ್ಟ ಹೆಣ್ಣುಮಗಳು. ಆದರೆ ನಡುವೆ ಒಂದು ಭಾಗ ಇದೆ, ಅದನ್ನ ಬೇಗ ಬೇಗ ದಾಟಿಬಿಡ್ತೀವಿ.

ವಿಷಯ ಗೊತ್ತಾದ ಮೇಲೆ ಭಾಗೀರಥಿ ತವರಿಗೆ ಹೋಗ್ತಾಳೆ. ಕಣ್ಣಲ್ಲಿ ನೀರು ನೋಡಿ ಅಪ್ಪ ಯಾಕೆ ಅಂತ ಕೇಳ್ತಾನೆ. ಅವಳು ನಿಜ ಹೇಳೋದಿಲ್ಲ. ಅತ್ತೆ ಮಾವ ನಮ್ಮನ್ನ ಬೇರೆ ಇಡ್ತಾರಂತೆ ಅಂತಾಳೆ. ಇಟ್ಟರೆ ಇಡಲಿ ಬಿಡು, ಹೊಲ ಮನೆ ನಾನು ಕೊಡ್ತೀನಿ ಅಂತಾನೆ ಅಪ್ಪ. ಅವ್ವ ಒಡವೆ ಕೊಡ್ತೀನಿ ಅಂತಾಳೆ. ಆ ಹೊಲ, ಆ ಒಡವೆ ತನಗ್ಯಾಕೆ ಅಂತ ಭಾಗೀರಥಿ ಸಿಟ್ಟಿನಿಂದ ಎದ್ದು ಗೆಳತಿ ಮನೆಗೆ ಹೋಗಿ, ಅಲ್ಲಿ ಮಾತ್ರ ಇದ್ದದ್ದು ಇದ್ದ ಹಾಗೆ ಹೇಳ್ತಾಳೆ: ನನ್ನನ್ನ ಕೆರೆಗೆ ಕೊಡ್ತಾರಂತೆ. ಗೆಳತಿ ಏನಂತಾಳೆ ಗೊತ್ತಾ? ಅವರು ಇಟ್ಟ ಹಾಗೆ ನಾವಿರಬೇಕು ಅನ್ನೋ ಅರ್ಥದ ಮಾತು. ಅಂದರೆ ಇವತ್ತಿನ ಭಾಷೆಯಲ್ಲಿ, ‘ಹೊಂದ್ಕೊಂಡು ಹೋಗವಾ’.

ಭಾಗೀರಥಿ ವಾಪಸ್ ಬರ್ತಾಳೆ. ಅತ್ತೆ ಮನೆಯಲ್ಲಿ ಅಡುಗೆ ಕೆಲಸ ಶುರು ಆಗಿರ್ತದೆ.

ಮನೆಯೊಳಗಿನ ಹಿಂಸೆಯ ಬಗ್ಗೆ ಕನ್ನಡದಲ್ಲಿ ಬಂದದ್ದನ್ನೆಲ್ಲ ಸಾಲಾಗಿ ಇಟ್ಟು ನೋಡಿದರೆ, ನನಗೆ ಮತ್ತೆ ಮತ್ತೆ ಕಾಣೋದು ಈ ತವರಿನ ದೃಶ್ಯ. ಹೊಡೆಯೋ ಗಂಡ, ಕಾಡೋ ಅತ್ತೆ, ಇವರ ಬಗ್ಗೆ ನಾವು ತುಂಬ ಮಾತಾಡ್ತೀವಿ. ಕಥೆ ತಿರುಗೋದು ಮಾತ್ರ ಅಲ್ಲಿ ಅಲ್ಲ. ಹೇಳಿಕೊಳ್ಳೋಕೆ ಅಂತ ಅವಳು ತವರಿಗೆ ಬರ್ತಾಳಲ್ಲ, ಆ ಬಾಗಿಲಲ್ಲಿ. ಒಳಗಿದ್ದವರು ಕೆಟ್ಟವರೇ ಆಗಿರಬೇಕು ಅಂತಿಲ್ಲ. ಭಾಗೀರಥಿಯ ಅಪ್ಪ ಹೊಲ ಕೊಡೋಕೆ ತಯಾರಿದ್ದ. ಇನ್ನೊಂದು ಸಲ ‘ಯಾಕವ್ವಾ’ ಅಂತ ಕೇಳಲಿಲ್ಲ, ಅಷ್ಟೇ.

ಹಾಡು ಮುಗಿಯೋದು ಹೇಗೆ? ಗಂಡ ಕೆಟ್ಟ ಕನಸು ಕಂಡು ಕುದುರೆ ಹತ್ತಿ ಓಡಿ ಬರ್ತಾನೆ. ಹೆಂಡತಿ ಎಲ್ಲಿ ಅಂತ ಕೇಳಿದರೆ, ಮನೆಯವರು ಹೇಳೋ ಸುಳ್ಳು ಯಾವುದು ನೋಡಿ: ತವರಿಗೆ ಹೋಗಿದಾಳೆ! ಅವನು ತವರಿಗೂ ಹೋಗ್ತಾನೆ. ನಿಜ ತಿಳಿಯೋದು ಅದೇ ಗೆಳತಿಯಿಂದ. ಆಮೇಲೆ ಅವನೂ ಕೆರೆಗೆ ಹಾರ್ತಾನೆ. ಹಾಡು ಕಟ್ಟಿದವರು ಇದನ್ನ ಕೊಲೆ ಅಂತ ಎಲ್ಲೂ ಕರೆಯೋದಿಲ್ಲ, ನಿಜ. ಆದರೆ ಆ ಸುಳ್ಳನ್ನ ಅವರು ಬಿಟ್ಟುಬಿಡಲಿಲ್ಲ. ಪವಿತ್ರ ಕೆಲಸ ಮಾಡಿದವರು ಮಗನ ಮುಂದೆ ಸುಳ್ಳು ಯಾಕೆ ಹೇಳಬೇಕು ಅನ್ನೋ ಪ್ರಶ್ನೆಯನ್ನ ನಮಗೇ ಬಿಟ್ಟಿದ್ದಾರೆ.

ಈಗ ಮಾಸೂರಿಗೆ ವಾಪಸ್ ಬರೋಣ, ಯಾಕಂದ್ರೆ ಅಲ್ಲಿ ಇನ್ನೊಬ್ಬರಿದ್ದಾರೆ. ಸರ್ವಜ್ಞ. ಅವನ ತಂದೆ ಮಾಸೂರಿನ ಬಸವರಸ, ತಾಯಿ ಕುಂಬಾರರ ಮಾಳಿ ಅನ್ನೋದು ಐತಿಹ್ಯ. ಮಾಸೂರು, ಅಬಲೂರು ಎರಡೂ ಇದೇ ಸೀಮೆಯವು. ಸರ್ವಜ್ಞನ ಒಂದು ತ್ರಿಪದಿ ಎಲ್ಲರಿಗೂ ಬಾಯಿಪಾಠ: ಬೆಚ್ಚಗಿನ ಮನೆ, ಖರ್ಚಿಗೆ ಹಣ, ಮನಸ್ಸರಿತು ನಡೆಯೋ ಹೆಂಡತಿ ಇದ್ದರೆ ಸ್ವರ್ಗ ಯಾಕೆ ಬೇಕು ಅನ್ನೋದು. ಚೆಂದದ ಮಾತೇ. ಆದರೆ ಇಲ್ಲಿ ಮನೆಯನ್ನ ನೋಡ್ತಿರೋದು ಗಂಡ, ಹೊರಗಿಂದ ಬಂದು ಒಳಗೆ ಕೂತವನು.

ಅದೇ ತ್ರಿಪದಿಯ ಮಟ್ಟಿನಲ್ಲಿ, ಅದೇ ಮನೆಯನ್ನ ಒಳಗಿಂದ ಹಾಡಿದವರೂ ಇದ್ದರು. ಬೀಸೋಕಲ್ಲಿನ ಮುಂದೆ ಕೂತ ಹೆಣ್ಣುಮಕ್ಕಳು. ವಿಜಯಪುರ ಜಿಲ್ಲೆಯ ಹಲಸಂಗಿಯ ಗೆಳೆಯರು, ಅಂದರೆ ಮಧುರಚೆನ್ನ, ಸಿಂಪಿ ಲಿಂಗಣ್ಣ, ಧೂಲಾಸಾಹೇಬ ಮೊದಲಾದವರು, ಇಂಥ ಹಾಡುಗಳನ್ನ ಕೂಡಿಸಿ 1931ರಲ್ಲಿ ‘ಗರತಿಯ ಹಾಡು’ ಅಂತ ಪುಸ್ತಕ ಮಾಡಿದರು. ಈಗ ಶಿಗ್ಗಾವಿ ತಾಲ್ಲೂಕಿನ ಗೊಟಗೋಡಿಯಲ್ಲಿ ಜನಪದಕ್ಕೇ ಅಂತ ಒಂದು ವಿಶ್ವವಿದ್ಯಾಲಯ ಇದೆ. ಆದರೆ ಈ ಹಾಡುಗಳು ಹುಟ್ಟಿದ ಹೊತ್ತು ನೆನಪಿಟ್ಟುಕೊಳ್ಳಿ: ನಸುಕಿನ ಕತ್ತಲು, ಉಳಿದವರು ಮಲಗಿರ್ತಾರೆ, ಕಲ್ಲಿನ ಗರಗರ ಸದ್ದು. ಆ ಸದ್ದಿನ ಮರೆಯಲ್ಲಿ ಏನು ಬೇಕಾದರೂ ಹಾಡಬಹುದು, ಪೂರ್ತಿ ಮಾತ್ರ ಹೇಳೋ ಹಾಗಿಲ್ಲ. ಪಕ್ಕದ ಕೋಣೆಯಲ್ಲಿ ಅತ್ತೆ ಎದ್ದಿರಬಹುದು.

ಹಾಗಾಗಿ ಅವರು ತವರನ್ನ ಹೊಗಳಿದರು. ತವರಿನ ದಾರಿ, ತವರಿನ ಬಾವಿ, ಅಣ್ಣ, ಅವ್ವ. ಮೇಲ್ನೋಟಕ್ಕೆ ಬರೀ ಪ್ರೀತಿ. ಆದರೆ ಯೋಚನೆ ಮಾಡಿ, ಗಂಡನ ಮನೆಯನ್ನ ಬಾಯಿಬಿಟ್ಟು ಬೈಯೋಕೆ ಆಗದವಳು ಇನ್ನೇನು ಮಾಡ್ತಾಳೆ? ಇನ್ನೊಂದು ಮನೆಯನ್ನ ಹಾಡಿ ಹೊಗಳ್ತಾಳೆ. ಉತ್ತರ ಕರ್ನಾಟಕದಲ್ಲಿ ನಾಗರ ಪಂಚಮಿ ಅಂದರೆ ಹೆಣ್ಣುಮಕ್ಕಳ ಹಬ್ಬ. ಜೋಕಾಲಿ, ಉಂಡಿ, ಕರೆಯೋಕೆ ಬರೋ ಅಣ್ಣ. ಹಬ್ಬ ಬಂದರೂ ಅಣ್ಣ ಬರಲಿಲ್ಲ ಅಂತ ಕೊರಗೋ ಹಾಡುಗಳು ನಮ್ಮಲ್ಲಿ ಅಷ್ಟೊಂದು ಇರೋದು ಉಂಡಿಯ ಆಸೆಗಲ್ಲ. ವರ್ಷಕ್ಕೊಮ್ಮೆ ಆದರೂ ಆ ಮನೆಯಿಂದ ಹೊರಗೆ ಬರೋಕೆ ಇದ್ದ ಒಂದೇ ಒಪ್ಪಿತ ದಾರಿ ಅದು. ಅಣ್ಣ ಬರಲಿಲ್ಲ ಅಂದರೆ ಆ ದಾರಿಯೂ ಮುಚ್ಚಿತು.

ಹಿರೇಕೆರೂರಿನ ಪಕ್ಕದ ತಾಲ್ಲೂಕು ಶಿಕಾರಿಪುರ. ಅಲ್ಲಿನ ಉಡುತಡಿ ಅಕ್ಕಮಹಾದೇವಿಯ ಊರು. ಹರಿಹರ ಬರೆದ ರಗಳೆಯ ಪ್ರಕಾರ ಆಕೆ ಕೌಶಿಕನ್ನ ಮದುವೆ ಆಗಲಿಕ್ಕೆ ಒಪ್ಪಿದ್ದು ತಂದೆ ತಾಯಿಯ ಜೀವ ಉಳಿಸೋಕೆ, ಅದೂ ಷರತ್ತು ಹಾಕಿ. ಅವನು ಷರತ್ತು ಮುರಿದ, ಆಕೆ ಎದ್ದು ಹೊರಟಳು. ಮದುವೆಯೇ ಆಗಲಿಲ್ಲ ಅನ್ನೋ ಬೇರೆ ಕಥೆಗಳೂ ಇವೆ. ಆದರೆ ಹೊರಟವಳು ತವರಿಗೆ ಹೋಗಿ ನೆಲೆಸಲಿಲ್ಲ, ಕಲ್ಯಾಣಕ್ಕೆ ಹೋದಳು ಅನ್ನೋದು ನನಗೆ ಮುಖ್ಯ. ಮಾತು ಕೇಳೋಕೆ ಅಲ್ಲಿ ಬೇರೆ ಜನ ಇದ್ದರು.

ಒಂದು ದೊಡ್ಡ ಜಿಗಿತ ಮಾಡಿ 1988ಕ್ಕೆ ಬರ್ತೀನಿ. ಗಿರೀಶ ಕಾರ್ನಾಡರ ‘ನಾಗಮಂಡಲ’. 1997ರ ನಾಗಾಭರಣರ ಸಿನಿಮಾ ತುಂಬ ಜನ ನೋಡಿರ್ತೀರಿ, ಪ್ರಕಾಶ್ ರೈ, ವಿಜಯಲಕ್ಷ್ಮಿ ಇದ್ದದ್ದು. ಎ.ಕೆ. ರಾಮಾನುಜನ್ ಹೇಳಿದ ಎರಡು ಜನಪದ ಕಥೆಗಳನ್ನ ಹಿಡಿದು ಕಾರ್ನಾಡರು ಇದನ್ನ ಬರೆದರು. ನಾವು ಇದನ್ನ ನಾಗನ ಪ್ರೇಮಕಥೆ ಅಂತ ನೆನಪಿಟ್ಟುಕೊಂಡಿದ್ದೀವಿ. ಆದರೆ ಶುರುವಿನಲ್ಲಿ ಏನಿದೆ? ಅಪ್ಪಣ್ಣ ಹೊಸ ಹೆಂಡತಿ ರಾಣಿಯನ್ನ ಮನೆಯೊಳಗೆ ಬಿಟ್ಟು ಹೊರಗಿಂದ ಬೀಗ ಹಾಕಿ ಬೇರೆಯವಳ ಹತ್ತಿರ ಹೋಗ್ತಾನೆ. ಮಧ್ಯಾಹ್ನ ಊಟಕ್ಕೆ ಬರ್ತಾನೆ, ಮತ್ತೆ ಬೀಗ. ಒಂಟಿ ರಾಣಿಗೆ ಬರೋ ಕನಸಲ್ಲಿ ಹದ್ದೊಂದು ಅವಳನ್ನ ಹೊತ್ತುಕೊಂಡು ಹೋಗ್ತದೆ, ಅವಳು ಕೇಳೋದು ಅಪ್ಪ ಅವ್ವ ಅಲ್ಲಿದ್ದಾರಾ ಅಂತ. ಅವರು ಕನಸಲ್ಲಿ ಮಾತ್ರ ಬರ್ತಾರೆ. ಕೊನೆಗೆ ಪಂಚಾಯ್ತಿ ಸೇರ್ತದೆ. ಬೀಗ ಹಾಕಿದ್ದು, ಹೊಡೆದದ್ದು ಅಲ್ಲಿ ವಿಚಾರಣೆಗೆ ಬರೋದೇ ಇಲ್ಲ. ವಿಚಾರಣೆ ನಡೆಯೋದು ಅವಳ ಶೀಲದ ಮೇಲೆ. ಅಪ್ಪಣ್ಣನ ಬೀಗದ ಬಗ್ಗೆ ಒಬ್ಬ ಪಂಚನೂ ಬಾಯಿ ಬಿಡದ ಆ ಭಾಗ, ಹಾವು ಹಿಡಿದು ಆಣೆ ಮಾಡೋ ಭಾಗಕ್ಕಿಂತ ಹೆಚ್ಚು ಹೆದರಿಸ್ತದೆ.

ಅದಕ್ಕೂ ನಾಲ್ಕು ವರ್ಷ ಮೊದಲು, 1984ರಲ್ಲಿ, ಪುಸ್ತಕವಾಗಿ ಬಂತು ಸಾರಾ ಅಬೂಬಕ್ಕರ್ ಅವರ ‘ಚಂದ್ರಗಿರಿಯ ತೀರದಲ್ಲಿ’. ಅದಕ್ಕೂ ಮುಂಚೆ ಲಂಕೇಶ್ ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂದಿತ್ತು. ಸಾರಾ ಕಾಸರಗೋಡಿನವರು, 2023ರ ಜನವರಿಯಲ್ಲಿ ತೀರಿಕೊಂಡರು. ನೀವು ಇದನ್ನ ಓದಿಲ್ಲ ಅಂದ್ರೆ ಒಂದು ಎಚ್ಚರಿಕೆ, ಮುಂದೆ ಕೊನೆಯನ್ನೂ ಹೇಳ್ತಿದೀನಿ.

ಈ ಕಾದಂಬರಿಯಲ್ಲಿ ಎಲ್ಲ ತಲೆಕೆಳಗು. ನಾದಿರಾಳ ಗಂಡ ರಶೀದ್ ಒಳ್ಳೆಯವನು. ಹಿಂಸೆ ಇರೋದು ತವರಲ್ಲೇ. ಅಪ್ಪ ಮಹಮ್ಮದ್ ಖಾನ್ ಮನೆಯಲ್ಲಿ ಹೆಂಡತಿ ಫಾತಿಮಾ ಹೆದರಿಕೊಂಡೇ ಬಾಳಿದವಳು. ಅಳಿಯನಿಂದ ದುಡ್ಡು ಬರಲಿಲ್ಲ ಅನ್ನೋ ಸಿಟ್ಟಿಗೆ ಅವನು ಮಗಳನ್ನ ತವರಿಗೆ ಕರೆತಂದು ವಾಪಸ್ ಕಳಿಸೋದಿಲ್ಲ. ಮೋಸ ಮಾಡಿ ತಲಾಖ್ ತಗೊಳ್ತಾನೆ. ಮುಂದೆ ಗಂಡ ಹೆಂಡತಿ ಮತ್ತೆ ಒಂದಾಗಬೇಕು ಅಂದರೆ, ಅವಳು ಇನ್ನೊಬ್ಬನನ್ನ ಮದುವೆಯಾಗಿ ಒಂದು ರಾತ್ರಿ ಕಳೆಯಬೇಕು ಅನ್ನೋ ಕಟ್ಟಳೆ ಎದುರಾಗ್ತದೆ. ನಾದಿರಾ ಮಸೀದಿಯ ಕೊಳಕ್ಕೆ ಇಳಿತಾಳೆ. ಮತ್ತೆ ನೀರು.

‘ಗರತಿಯ ಹಾಡು’ ಹಾಡಿದವರು ತವರನ್ನ ಸ್ವರ್ಗ ಮಾಡಿಟ್ಟಿದ್ದರಲ್ಲ, ಸಾರಾ ಆ ಸ್ವರ್ಗದ ಬಾಗಿಲು ತೆಗೆದು ಒಳಗಿರೋ ಯಜಮಾನನ್ನ ತೋರಿಸಿದರು. ಅವ್ವ ವರ್ಷಗಟ್ಟಲೆ ಬಾಯಿ ಮುಚ್ಚಿಕೊಂಡು ಬಾಳಿದ ಮನೆಗೆ ಮಗಳು ಹೋಗಿ ಏನಂತ ಹೇಳಿಕೊಳ್ಳಬೇಕು? ಇದು ಮುಸ್ಲಿಂ ಸಮಾಜದ ಕಥೆ ಮಾತ್ರ ಅಂತ ಪಕ್ಕಕ್ಕಿಟ್ಟವರು ಆಗಲೂ ಇದ್ದರು, ಈಗಲೂ ಇದ್ದಾರೆ. ಸವಣೂರಿನಂಥ ಊರಲ್ಲಿ, ನವಾಬರ ಕಾಲದಿಂದ ಎರಡೂ ಕಡೆಯವರು ಜೊತೆಜೊತೆಗೆ ಬದುಕಿದ ಜಾಗದಲ್ಲಿ, ಯಾವ ಅಜ್ಜಿಯನ್ನ ಕೇಳಿದರೂ ಆ ಮಾತಿಗೆ ನಕ್ಕಾಳು. ಕಟ್ಟಳೆ ಬೇರೆ ಬೇರೆ ಇರಬಹುದು, ಅಪ್ಪಂದಿರು ಬೇರೆ ಏನಲ್ಲ.

ಇನ್ನು ಬಾನು ಮುಷ್ತಾಕ್. 2025ರ ಮೇ ತಿಂಗಳಲ್ಲಿ ದೀಪಾ ಭಾಸ್ತಿ ಅನುವಾದಿಸಿದ ‘ಹಾರ್ಟ್ ಲ್ಯಾಂಪ್’ಗೆ ಅಂತರರಾಷ್ಟ್ರೀಯ ಬೂಕರ್ ಬಂದಾಗ ಎಲ್ಲರ ಸ್ಟೇಟಸ್ಸಲ್ಲೂ ಹಾಸನದ ಈ ಲೇಖಕಿಯ ಫೋಟೊ ಇತ್ತು. ಪುಸ್ತಕಕ್ಕೆ ಹೆಸರು ಕೊಟ್ಟ ಕಥೆ ‘ಎದೆಯ ಹಣತೆ’. ಎಷ್ಟು ಜನ ಓದಿದಿರಿ?

ಕಥೆ ಶುರುವಾಗೋದೇ ತವರಿನ ಬಾಗಿಲಲ್ಲಿ. ಮೆಹರುನ್ ಕೈಗೂಸು ಎತ್ತಿಕೊಂಡು ತವರಿಗೆ ಬಂದಿದಾಳೆ. ಗಂಡ ಇನಾಯತ್ ಬೇರೆ ಹೆಂಗಸಿನ ಹಿಂದೆ ಹೋಗಿದಾನೆ. ಭಾಗೀರಥಿಯ ಹಾಗೆ ಇವಳು ಸುತ್ತಿ ಬಳಸಿ ಹೇಳೋದಿಲ್ಲ, ನೇರವಾಗಿ ಹೇಳ್ತಾಳೆ. ಅಣ್ಣ ತಮ್ಮಂದಿರು ಕೇಳಿಸಿಕೊಂಡು ಕೊಡೋ ಉತ್ತರ ಮನೆತನದ ಮರ್ಯಾದೆಯದ್ದು. ಮರ್ಯಾದೆ ಕಾಯೋ ಬುದ್ಧಿ ಇದ್ದಿದ್ದರೆ ಬೆಂಕಿ ಹಚ್ಚಿಕೊಂಡು ಸಾಯ್ತಿದ್ದೆ, ಇಲ್ಲಿ ಬರ್ತಿರಲಿಲ್ಲ ಅನ್ನೋವರೆಗೂ ಮಾತು ಹೋಗ್ತದೆ. ಆಮೇಲೆ ಅವರೇ ಕರೆದುಕೊಂಡು ಹೋಗಿ ಗಂಡನ ಮನೆಗೆ ಬಿಟ್ಟು ಬರ್ತಾರೆ. ಆ ರಾತ್ರಿ ಮೆಹರುನ್ ಸೀಮೆಎಣ್ಣೆ ಸುರಿದುಕೊಳ್ತಾಳೆ. ಅವಳನ್ನ ತಡೆಯೋದು ಮಗಳು ಸಲ್ಮಾ, ತಂಗಿ ಕೂಸನ್ನ ಅವ್ವನ ಮುಂದೆ ಇಟ್ಟು, ಕಾಲು ಹಿಡಿದು.

ಕೆರೆಗೆ ಹಾರದಲ್ಲಿ ತವರಿಗೆ ಗೊತ್ತಾಗಲಿಲ್ಲ. ಇಲ್ಲಿ ಗೊತ್ತಿದ್ದೂ ಕಳಿಸಿದರು. ಸೀಮೆಎಣ್ಣೆಯ ವಿಷಯವನ್ನೂ ಬಾನು ಸುಮ್ಮನೆ ತಂದದ್ದಲ್ಲ. ‘ಸ್ಟವ್ ಸಿಡಿದು ಗೃಹಿಣಿ ಸಾವು’ ಅನ್ನೋ ಸಣ್ಣ ಸುದ್ದಿ ಒಂದು ಕಾಲಕ್ಕೆ ನಮ್ಮ ಪೇಪರುಗಳಲ್ಲಿ ಮಾಮೂಲಿ. 1979ರಲ್ಲಿ ಬೆಂಗಳೂರಲ್ಲಿ ಶುರುವಾದ ‘ವಿಮೋಚನಾ’ದ ಮಹಿಳೆಯರು ಈ ಸಾವುಗಳ ಬೆನ್ನು ಹತ್ತಿ, ಸುಟ್ಟಗಾಯದ ವಾರ್ಡುಗಳಿಗೆ ಹೋಗಿ ಕೇಳಿದಾಗ, ಸಿಡಿದದ್ದು ಎಷ್ಟೋ ಸಲ ಸ್ಟವ್ ಅಲ್ಲ ಅಂತ ಹೊರಗೆ ಬಂತು.

ಕಾನೂನಿನ ಕಥೆ ಬೇಗ ಹೇಳ್ತೀನಿ. ಗಂಡ ಮತ್ತು ಅವನ ಕಡೆಯವರ ಕ್ರೌರ್ಯ ಅಪರಾಧ ಅಂತ 498-ಎ ಕಲಂ ಬಂದದ್ದು 1983ರಲ್ಲಿ, ವರದಕ್ಷಿಣೆ ಸಾವಿನ ಕಲಂ 1986ರಲ್ಲಿ. 2024ರ ಜುಲೈ 1ರಿಂದ 498-ಎ ಹೋಗಿ ಭಾರತೀಯ ನ್ಯಾಯ ಸಂಹಿತೆಯ 85, 86ನೇ ಕಲಂ ಆಗಿದೆ. ಆದರೆ ನಮ್ಮ ತವರಿನ ಪ್ರಶ್ನೆಗೆ ಹತ್ತಿರದ್ದು 2005ರ ಕೌಟುಂಬಿಕ ಹಿಂಸೆ ತಡೆ ಕಾಯ್ದೆ, ಜಾರಿಗೆ ಬಂದದ್ದು 2006ರ ಅಕ್ಟೋಬರ್ 26. ಹೊಡೆತ ಅಷ್ಟೇ ಅಲ್ಲ, ಬೈಗುಳ, ದುಡ್ಡು ಕೊಡದೆ ಕಾಡೋದು ಕೂಡ ಹಿಂಸೆ ಅಂತ ಅದು ಹೇಳಿತು. ಇನ್ನೊಂದು ದೊಡ್ಡ ಮಾತೂ ಹೇಳಿತು: ಬಾಳಿದ ಮನೆಯಲ್ಲೇ ಇರೋ ಹಕ್ಕು ಅವಳಿಗಿದೆ. ಮನೆ ಅತ್ತೆ ಮಾವನ ಹೆಸರಲ್ಲಿದ್ದರೆ ಆ ಹಕ್ಕಿಲ್ಲ ಅಂತ ಸುಪ್ರೀಂ ಕೋರ್ಟು 2006ರಲ್ಲಿ ಒಂದು ತೀರ್ಪು ಕೊಟ್ಟಿತ್ತು. 2020ರ ಅಕ್ಟೋಬರಿನಲ್ಲಿ ಅದನ್ನ ತಾನೇ ತಿದ್ದಿತು. ಮನೆ ಯಾರ ಹೆಸರಲ್ಲಿದೆ ಅನ್ನೋದೊಂದೇ ಕಾರಣಕ್ಕೆ ಆಕೆಯನ್ನ ಹೊರಗೆ ಹಾಕೋ ಹಾಗಿಲ್ಲ.

ತವರಿನ ಆಸ್ತಿ? ಇದರಲ್ಲಿ ಕರ್ನಾಟಕ ದೇಶಕ್ಕಿಂತ ಮುಂದಿತ್ತು. ಪಿತ್ರಾರ್ಜಿತದಲ್ಲಿ ಹಿಂದೂ ಹೆಣ್ಣುಮಕ್ಕಳಿಗೂ ಸಮಪಾಲು ಅಂತ ನಮ್ಮಲ್ಲಿ 1994ರಲ್ಲೇ ಬಂತು, ಅಷ್ಟರಲ್ಲಿ ಮದುವೆ ಆದವರನ್ನ ಬಿಟ್ಟು. ಇಡೀ ದೇಶಕ್ಕೆ ಬಂದದ್ದು 2005ರಲ್ಲಿ. ಭಾಗೀರಥಿಯ ಅಪ್ಪ ಕೊಡ್ತೀನಿ ಅಂದ ಹೊಲ ಈಗ ಅವನು ಕೊಡೋದಲ್ಲ, ಅವಳದ್ದೇ.

ಕಾಗದದ ಮೇಲೆ. ಊರಲ್ಲಿ ಏನಾಗ್ತದೆ ಅಂತ ನಿಮಗೂ ಗೊತ್ತು. ಸಬ್ ರಿಜಿಸ್ಟ್ರಾರ್ ಆಫೀಸಿಗೆ ಅಕ್ಕ ತಂಗಿಯರನ್ನ ಕರೆಸಿ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸೋದು, ಒಂದು ಸೀರೆ ಉಡಿಸಿ ಕಳಿಸೋದು. ಅವರು ಸಹಿ ಹಾಕೋದು ದಡ್ಡತನಕ್ಕಲ್ಲ. ನಾಳೆ ಏನಾದರೂ ಆದರೆ ಹೋಗೋಕೆ ತವರು ಅಂತ ಒಂದು ಬೇಕು, ಅಣ್ಣನ ಮನಸ್ಸು ಮುರಿದರೆ ಅದೂ ಹೋಯ್ತು. ಅಂದರೆ ಬಾಗಿಲು ತೆರೆದಿರಲಿ ಅಂತ ಮನೆಯ ಪಾಲನ್ನೇ ಕೊಟ್ಟುಬಿಡ್ತಾರೆ. ಆ ಬಾಗಿಲು ಬೇಕಾದ ದಿನ ತೆರೆದಿರ್ತದಾ ಅನ್ನೋದಕ್ಕೆ ಮಾತ್ರ ಯಾವ ಪತ್ರವೂ ಇಲ್ಲ.

ಎರಡು ಮೂರು ಅಂಕಿ ಹೇಳ್ತೀನಿ, ಕೂತು ಕೇಳಿ. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ, ಗಂಡನಿಂದ ದೈಹಿಕ ಅಥವಾ ಲೈಂಗಿಕ ಹಿಂಸೆ ಅನುಭವಿಸಿದ್ದೀವಿ ಅಂದ ಮದುವೆಯಾದ ಹೆಂಗಸರು ಕರ್ನಾಟಕದಲ್ಲಿ ಶೇ. 44. ದೇಶದಲ್ಲೇ ಅತಿ ಹೆಚ್ಚು. ಅದರ ಹಿಂದಿನ ಸಮೀಕ್ಷೆಯಲ್ಲಿ ಇದು ಶೇ. 21ರ ಆಸುಪಾಸು ಇತ್ತು. ಹಿಂಸೆಯೇ ದುಪ್ಪಟ್ಟಾಯ್ತೋ, ಹೇಳಿಕೊಳ್ಳೋರು ಹೆಚ್ಚಾದರೋ ಅನ್ನೋದು ಅಂಕಿಯೊಂದರಿಂದಲೇ ತಿಳಿಯೋದಿಲ್ಲ. ಇಡೀ ದೇಶದ ಲೆಕ್ಕದಲ್ಲಿ, ಹಿಂಸೆ ಅನುಭವಿಸಿದವರಲ್ಲಿ ಶೇ. 77ರಷ್ಟು ಜನ ಸಹಾಯ ಕೇಳಿಲ್ಲ, ಯಾರಿಗೂ ಹೇಳಿಯೂ ಇಲ್ಲ. ಸಹಾಯ ಕೇಳಿದ ಶೇ. 14ರಷ್ಟು ಜನರಲ್ಲಿ ಅತಿ ಹೆಚ್ಚಿನವರು ಹೋದದ್ದು ಪೊಲೀಸರ ಹತ್ತಿರ ಅಲ್ಲ, ವಕೀಲರ ಹತ್ತಿರ ಅಲ್ಲ. ತಮ್ಮ ತವರಿನವರ ಹತ್ತಿರ.

ಹಾಗಾಗಿ ನಮ್ಮ ಬರಹಗಾರರು ಕ್ಯಾಮೆರಾವನ್ನ ತವರಿನ ಹೊಸ್ತಿಲಲ್ಲಿ ಇಟ್ಟದ್ದು ಬರೀ ಕಥೆಯ ರುಚಿಗಲ್ಲ. ನಡೆಯೋದು ಅಲ್ಲೇ.

ತವರಿಗೆ ಹೋಗೋಕೆ ಆಗದವರಿಗೆ, ಹೋಗಿ ವಾಪಸ್ ಬಂದವರಿಗೆ: ಮಹಿಳಾ ಸಹಾಯವಾಣಿ 181. ಜೀವ ಬೇಡ ಅನಿಸೋ ಹೊತ್ತಿಗೆ ಟೆಲಿ-ಮಾನಸ್ 14416, ಕನ್ನಡದಲ್ಲೇ ಮಾತಾಡ್ತಾರೆ. ಕೌಟುಂಬಿಕ ಹಿಂಸೆ ಕಾಯ್ದೆಯ ಕೆಳಗೆ ದೂರು ಕೊಡೋಕೆ ಪೊಲೀಸ್ ಸ್ಟೇಷನ್ನಿಗೇ ಹೋಗಬೇಕು ಅಂತಿಲ್ಲ. ತಾಲ್ಲೂಕಿನ ಸಿಡಿಪಿಒ, ಅಂದರೆ ಅಂಗನವಾಡಿಗಳನ್ನ ನೋಡಿಕೊಳ್ಳೋ ಅಧಿಕಾರಿಯೇ ನಮ್ಮ ರಾಜ್ಯದಲ್ಲಿ ಇದರ ಸಂರಕ್ಷಣಾಧಿಕಾರಿ. ಹಾನಗಲ್ಲಲ್ಲೂ ಇದ್ದಾರೆ, ಶಿಗ್ಗಾವಿಯಲ್ಲೂ ಇದ್ದಾರೆ. ನಿಮ್ಮ ಓಣಿಯ ಅಂಗನವಾಡಿ ಟೀಚರಿಗೆ ಆ ಆಫೀಸು ಎಲ್ಲಿದೆ ಅಂತ ಗೊತ್ತಿರ್ತದೆ.

ಓದೋಕೆ ಶುರು ಮಾಡೋರು ‘ಎದೆಯ ಹಣತೆ’ಯಿಂದ ಶುರು ಮಾಡಿ, ಒಂದೇ ಕೂರಿಕೆಗೆ ಮುಗಿತದೆ. ‘ಚಂದ್ರಗಿರಿಯ ತೀರದಲ್ಲಿ’ಯೂ ದೊಡ್ಡ ಪುಸ್ತಕ ಏನಲ್ಲ. ‘ಕೆರೆಗೆ ಹಾರ’ ಮಾತ್ರ ಓದಬೇಡಿ, ಯಾರಾದರೂ ಹಾಡಿದ್ದು ಹುಡುಕಿ ಕೇಳಿ. ಮನೆಯಲ್ಲಿ ಅಜ್ಜಿ ಇದ್ದರೆ ಇನ್ನೂ ಒಳ್ಳೆಯದು. ಅಪ್ಪ ಹೊಲ ಕೊಡ್ತೀನಿ ಅನ್ನೋ ಸಾಲು ಬಂದಾಗ ಸ್ವಲ್ಪ ನಿಲ್ಲಿಸಿ, ನೀನಾಗಿದ್ದರೆ ಏನು ಕೇಳ್ತಿದ್ದೆ ಅಂತ ಅಜ್ಜಿಯನ್ನೇ ಕೇಳಿ ನೋಡಿ.